ಒಂದು ವರ್ಷ ಆಕ್ಸಿತಾನ್ ಕಲಿತೆ: ಟೂಲೂಸ್‌ನ ಸಂಜೆ ಕ್ಲಾಸ್ ಹೇಗಿದೆ?

ಆಕ್ಸಿತಾನ್ ಅಂದರೆ ದಕ್ಷಿಣ ಫ್ರಾನ್ಸಿನ ಹಳೇ ಭಾಷೆ, ಟೂಲೂಸ್ ಅಲ್ಲಿನ ಒಂದು ಊರು. ಮೊದಲೇ ಹೇಳಿಬಿಡುತ್ತೇನೆ. ಕ್ಲಾಸ್ ಚೆನ್ನಾಗಿದೆ, ಸೇರಬಹುದು. 5ಕ್ಕೆ 4 ಕೊಡುತ್ತೇನೆ. ಆ ಒಂದು ಅಂಕ ಯಾಕೆ ಕಡಿಮೆ ಮಾಡಿದೆ, ಯಾರಿಗೆ ಇದು ಹೊಂದುವುದಿಲ್ಲ ಅನ್ನುವುದನ್ನು ಮಾತ್ರ ಸ್ವಲ್ಪ ವಿವರವಾಗಿ ಬರೆಯಬೇಕು. ನಡೆಸುವುದು ಒಂದು ಪುಟ್ಟ ಸಂಘ. ಹೆಸರು ಬರೆಯುವುದಿಲ್ಲ, ಯಾಕೆಂದರೆ ಕೆಲವು ದೂರುಗಳೂ ಇವೆ ಮತ್ತು ಪಾಪ ಅವರು ಸಂಬಳ ತೆಗೆದುಕೊಳ್ಳದೆ ದುಡಿಯುವ ಜನ. ಟೂಲೂಸ್‌ನಲ್ಲಿ ಇಂಥ ಕ್ಲಾಸ್‌ಗಳು ಬೇರೆಯೂ ಇವೆ. ನಾನು ಬರೆಯುವುದು ಹೆಚ್ಚುಕಡಿಮೆ ಎಲ್ಲದಕ್ಕೂ ಉಪಯೋಗಕ್ಕೆ ಬರಬಹುದು.

ನನಗೆ ಈ ಭಾಷೆ ಮೊದಲು ಕಿವಿಗೆ ಬಿದ್ದದ್ದು ಮೆಟ್ರೋದಲ್ಲಿ. ಕೆಲಸದ ಮೇಲೆ ಟೂಲೂಸ್‌ಗೆ ಬಂದು ಒಂದು ವಾರವೂ ಆಗಿರಲಿಲ್ಲ. ಇಲ್ಲಿ ಪ್ರತಿ ಸ್ಟೇಷನ್ ಹೆಸರನ್ನು ಎರಡು ಸಲ ಹೇಳುತ್ತಾರೆ. ಮೊದಲು ಫ್ರೆಂಚಿನಲ್ಲಿ, ಆಮೇಲೆ ಇನ್ನೊಂದು ಭಾಷೆಯಲ್ಲಿ. ಪಕ್ಕದಲ್ಲಿದ್ದ ಸಹೋದ್ಯೋಗಿಯನ್ನು ಕೇಳಿದೆ. ‘ಅದಾ, ಇಲ್ಲಿನ ಹಳೇ ಪಾತ್ವಾ’ ಅಂದ. ಪಾತ್ವಾ ಅಂದರೆ ಹಳ್ಳಿಯವರ ಒರಟು ಮಾತು ಅಂತ ಅರ್ಥ. ಹೆಸರಿಟ್ಟು ಕರೆಯುವಷ್ಟೂ ಮರ್ಯಾದೆ ಇಲ್ಲದ ಮಾತು ಅನ್ನುವ ಧ್ವನಿ ಅದರಲ್ಲಿದೆ. ಆ ಮಾತು ಮನಸ್ಸಿಗೆ ಚುಚ್ಚಿತು. ಅವತ್ತಿನಿಂದ ಕಿವಿಗೊಟ್ಟು ಕೇಳೋಕೆ ಶುರು ಮಾಡಿದೆ. ‘ಎಸ್ಕಿರೋಲ್’ ಅಂತ ಒಂದು ಸ್ಟೇಷನ್ ಇದೆ. ಅದು ಇದೇ ಊರಲ್ಲಿ ಹುಟ್ಟಿದ ಒಬ್ಬ ಮನೋವೈದ್ಯರ ಹೆಸರು. ಆದರೆ ಆಕ್ಸಿತಾನಿನಲ್ಲಿ ಎಸ್ಕಿರೋಲ್ ಅಂದರೆ ಅಳಿಲು. ಬಿ ಲೈನಿನಲ್ಲಿ ‘ತ್ರುವಾ ಕೊಕ್ಯು’ ಅಂತ ಇನ್ನೊಂದಿದೆ. ಫ್ರೆಂಚ್ ಕಿವಿಗೆ ಅದು ‘ಹೆಂಡತಿ ಕೈಕೊಟ್ಟ ಮೂವರು ಗಂಡಂದಿರು’ ಅಂತ ಕೇಳಿಸುತ್ತದೆ, ಹೊಸಬರು ನಗುತ್ತಾರೆ. ಊರಿನವರು ಹೇಳೋದು ಬೇರೆ. ಮೂಲ ಆಕ್ಸಿತಾನ್ ಪದಕ್ಕೆ ಕೋಗಿಲೆ ಜಾತಿಯ ಹಕ್ಕಿ ಅಂತ ಅರ್ಥ, ಮೂರು ಹಕ್ಕಿಗಳ ಜಾಗ ಅದು. ಭಾಷೆ ಮರೆತುಹೋದರೆ ಊರಿನ ಹೆಸರೇ ನಗೆಪಾಟಲಾಗುತ್ತದೆ, ನೋಡಿ. ನಾನು ಕ್ಲಾಸ್ ಹುಡುಕಿದ್ದು ಇದಾದ ಮೇಲೆ.

ಈಗ ಕ್ಲಾಸಿನ ವಿಷಯ. ಅಕ್ಟೋಬರ್‌ನಿಂದ ಜೂನ್‌ವರೆಗೆ ವಾರಕ್ಕೊಂದು ಸಂಜೆ, ಎರಡು ಗಂಟೆ. ವರ್ಷಕ್ಕೆ 180 ಯೂರೋ, ಜೊತೆಗೆ ಸಂಘದ ಸದಸ್ಯತ್ವಕ್ಕೆ 20. ಶಾಲೆಗಳಿಗೆ ರಜೆ ಬಂದಾಗಲೆಲ್ಲ ಕ್ಲಾಸಿಗೂ ರಜೆ. ಫ್ರಾನ್ಸಿನಲ್ಲಿ ಆರೇಳು ವಾರಕ್ಕೊಮ್ಮೆ ಎರಡು ವಾರ ಶಾಲೆ ಮುಚ್ಚುತ್ತದೆ, ಹಾಗಾಗಿ ಕಲಿತದ್ದು ನಾಲಿಗೆಗೆ ಹತ್ತುವ ಹೊತ್ತಿಗೆ ಸರಿಯಾಗಿ ಬ್ರೇಕ್ ಬೀಳುತ್ತದೆ. ಶುರುವಿನಲ್ಲಿ 14 ಜನ ಇದ್ದೆವು, ಕೊನೆಗೆ 9 ಉಳಿದೆವು. ರೂಮು ತಣ್ಣಗೆ ಕೊರೆಯುತ್ತದೆ, ಜನವರಿಯಲ್ಲಿ ಕೋಟು ತೆಗೆಯದೆ ಕೂತಿದ್ದೆವು. ಜೆರಾಕ್ಸ್ ಹಾಳೆಗಳು ಎಷ್ಟು ಮಸುಕು ಅಂದರೆ ಅಕ್ಷರದ ಮೇಲಿನ ಗುರುತು ಯಾವ ಕಡೆ ವಾಲಿದೆ ಅಂತಲೇ ಗೊತ್ತಾಗುವುದಿಲ್ಲ. ಈ ಭಾಷೆಯಲ್ಲಿ ಅದು ಸಣ್ಣ ವಿಷಯ ಅಲ್ಲ. ‘ಒ’ ಅಕ್ಷರದ ಮೇಲಿನ ಗುರುತು ಎಡಕ್ಕೆ ವಾಲಿದ್ದರೆ ‘ಒ’ ಅಂತ ಓದಬೇಕು, ಬಲಕ್ಕೆ ವಾಲಿದ್ದರೆ ಅಥವಾ ಗುರುತೇ ಇಲ್ಲದಿದ್ದರೆ ‘ಉ’ ಅಂತ.

ಓದುವ ರೀತಿ ಮೊದಲ ತಿಂಗಳು ಎಲ್ಲರಿಗೂ ತಲೆ ತಿನ್ನುತ್ತದೆ. ನನಗೆ ದಾರಿ ಸಿಕ್ಕಿದ್ದು ಕನ್ನಡ ಲಿಪಿಯಿಂದ. ನೋಟ್ಸ್ ಪೂರ್ತಿ ಕನ್ನಡ ಅಕ್ಷರದಲ್ಲಿ ಬರೆದುಕೊಂಡೆ, ಕೇಳಿದ್ದನ್ನು ಕೇಳಿದ ಹಾಗೇ. ಊರಿನ ಹೆಸರನ್ನು ಬರೆಯುವುದು ‘ತೊಲೊಸ’ ಅಂತ, ಹೇಳುವುದು ‘ತುಲೂಜೊ’. ಪದದ ಕೊನೆಯ ‘ಅ’ ಬಾಯಲ್ಲಿ ‘ಒ’ ಆಗುತ್ತದೆ. ಮೆಟ್ರೋ ಎ ಲೈನಿನ ಒಂದು ತುದಿಯ ಸ್ಟೇಷನ್ ಹೆಸರು ಫ್ರೆಂಚ್ ಬೋರ್ಡಿನಲ್ಲಿ ‘ಬಾಸೊ ಕಾಂಬೊ’ ಅಂತ ‘ಒ’ ಹಚ್ಚಿಕೊಂಡು ಯಾಕಿದೆ ಅಂತ ನನಗೆ ಗೊತ್ತಾದದ್ದು ಇಲ್ಲೇ: ಯಾರೋ ಆಕ್ಸಿತಾನ್ ಬಾಯಿಂದ ಕೇಳಿದ್ದನ್ನು ಫ್ರೆಂಚ್ ರೀತಿಯಲ್ಲಿ ಬರೆದುಕೊಂಡಿದ್ದಾರೆ. ‘ವ’ ಈ ಕಡೆ ‘ಬ’ ಆಗುತ್ತದೆ, ಹಸುವಿಗೆ ಬರೆಯುವುದು ‘ವಾಕ’, ಹೇಳುವುದು ‘ಬಾಕೊ’. ಕೊನೆಯ ‘ನ್’ ಹೇಳುವುದೇ ಇಲ್ಲ. ರೊಟ್ಟಿಗೆ ‘ಪಾನ್’ ಅಂತ ಬರೆದು ‘ಪಾ’ ಅನ್ನುತ್ತಾರೆ. ವೈನ್ ‘ಬಿ’. ಭಾಷೆಯ ಹೆಸರೇ ಟೂಲೂಸ್ ಬಾಯಲ್ಲಿ ‘ಉತ್ಸಿತಾ’. ‘ಹೌದು’ ಅನ್ನೋದಕ್ಕೆ ‘ಒಕ್’, ಭಾಷೆಗೆ ಹೆಸರು ಬಂದದ್ದೂ ಈ ಪದದಿಂದಲೇ. ಹೌದು ಅನ್ನೋಕೆ ಯಾರು ಏನು ಹೇಳುತ್ತಾರೆ ಅನ್ನೋದರ ಮೇಲೆ ಈ ಸೀಮೆಯ ಭಾಷೆಗಳನ್ನು ವಿಂಗಡಿಸಿದವನು ಇಟಲಿಯ ಕವಿ ದಾಂತೆ.

ಇನ್ನೊಂದು ವಿಷಯ ಕನ್ನಡದವರಿಗೆ ತುಂಬ ಹಿಡಿಸುತ್ತದೆ. ಫ್ರೆಂಚಿನಲ್ಲಿ ‘ನಾನು’ ಬಿಟ್ಟು ಮಾತೇ ಹೊರಡುವುದಿಲ್ಲ. ಆಕ್ಸಿತಾನಿನಲ್ಲಿ ಕ್ರಿಯಾಪದದ ಬಾಲವೇ ಸಾಕು. ‘ಪಾರ್ಲಿ’ ಅಂದರೆ ಮಾತಾಡುತ್ತೇನೆ, ‘ಪಾರ್ಲಸ್’ ಅಂದರೆ ಮಾತಾಡುತ್ತೀಯ. ಥೇಟ್ ನಮ್ಮ ಹಾಗೇ, ಅಲ್ವಾ? ಕ್ಲಾಸಿನಲ್ಲಿದ್ದ ಫ್ರೆಂಚರು ಪ್ರತಿ ವಾಕ್ಯಕ್ಕೂ ‘ನಾನು’ ಸೇರಿಸುತ್ತಿದ್ದರು, ಟೀಚರ್ ಪ್ರತಿ ಸಲವೂ ಸಮಾಧಾನವಾಗಿ ಅದನ್ನು ತೆಗೆಸುತ್ತಿದ್ದರು. ನನಗೆ ಅದು ತಾನಾಗಿಯೇ ಬಂತು. ‘ಕುಂಪ್ರೇನಿ ಪಾಸ್’, ಅರ್ಥ ಆಗಲಿಲ್ಲ. ಇದನ್ನು ಮೊದಲ ದಿನವೇ ಕಲಿಸುತ್ತಾರೆ, ವರ್ಷ ಪೂರ್ತಿ ಬಳಕೆಗೆ ಬರುತ್ತದೆ.

ಟೀಚರ್ ಬಗ್ಗೆ ಒಳ್ಳೆಯ ಮಾತೇ ಹೇಳಬೇಕು. ಅವರಿಗೆ ಇದು ಮನೆಮಾತಲ್ಲ, ದೊಡ್ಡವರಾದ ಮೇಲೆ ಕಲಿತದ್ದು. ಇವತ್ತು ಸರಾಗವಾಗಿ ಮಾತಾಡುವ ಚಿಕ್ಕ ವಯಸ್ಸಿನವರು ಬಹಳಷ್ಟು ಮಂದಿ ಹೀಗೆ ಕಲಿತವರೇ. ಟೀಚರ್ ಅವರ ಮಕ್ಕಳು ಕಲಾಂದ್ರೆತ ಶಾಲೆಗೆ ಹೋಗುತ್ತಾರೆ. ಪಾಠ ಬಹುಪಾಲು ಆಕ್ಸಿತಾನಿನಲ್ಲೇ ನಡೆಯುವ ಶಾಲೆಗಳು ಇವು, ಮೊದಲನೆಯದು 1979ರಲ್ಲಿ ಪೋ ಊರಿನಲ್ಲಿ ಶುರುವಾಯಿತು. 2021ರಲ್ಲಿ ಫ್ರಾನ್ಸಿನ ಸಂವಿಧಾನ ಮಂಡಳಿ ಇಂಥ ಪೂರ್ತಿ ಮುಳುಗಿಸಿ ಕಲಿಸುವ ಪದ್ಧತಿ ಸಂವಿಧಾನಕ್ಕೆ ವಿರುದ್ಧ ಅಂತ ಹೇಳಿತು. ಕಾರಣ 1992ರಲ್ಲಿ ಸಂವಿಧಾನಕ್ಕೆ ಸೇರಿಸಿದ ಒಂದೇ ಒಂದು ಸಾಲು: ಗಣರಾಜ್ಯದ ಭಾಷೆ ಫ್ರೆಂಚ್. ಶಾಲೆಗಳು ಮುಚ್ಚಲಿಲ್ಲ, ಆದರೆ ಭಯ ಹಾಗೇ ಉಳಿಯಿತು. ಟೀಚರ್ ಇದನ್ನು ಭಾಷಣ ಮಾಡಿ ಹೇಳಲಿಲ್ಲ. ಯಾರೋ ಕೇಳಿದ್ದಕ್ಕೆ ಎರಡು ನಿಮಿಷದಲ್ಲಿ ಹೇಳಿ ಪಾಠಕ್ಕೆ ಮರಳಿದರು.

ಇತಿಹಾಸಕ್ಕೆ ಎರಡು ಸಂಜೆ ಇಟ್ಟಿದ್ದಾರೆ, ಅಷ್ಟು ಸಾಕು. ಒಂದು ಕಾಲದಲ್ಲಿ ಯುರೋಪಿನ ಅರಮನೆಗಳಲ್ಲಿ ಹಾಡುತ್ತಿದ್ದ ಭಾಷೆ ಇದು. ತ್ರೂಬಾದೂರ್ ಅನ್ನುವ ಕವಿಗಳು, ಅವರಲ್ಲಿ ಹೆಂಗಸರೂ ಇದ್ದರು. ಆಮೇಲೆ 1209ರಿಂದ 20 ವರ್ಷ ನಡೆದ ಯುದ್ಧ, ಅದರ ಕೊನೆಗೆ ಈ ಸೀಮೆ ನಿಧಾನವಾಗಿ ಪ್ಯಾರಿಸ್ ರಾಜರ ಕೈಗೆ ಹೋಯಿತು. ಕೋರ್ಟು ಕಾಗದವೆಲ್ಲ ಫ್ರೆಂಚಿನಲ್ಲೇ ಇರಬೇಕು ಅಂತ 1539ರಲ್ಲಿ ರಾಜಾಜ್ಞೆ. ಕ್ರಾಂತಿಯ ಹೊತ್ತಿನಲ್ಲಿ, 1794ರಲ್ಲಿ, ಪಾತ್ವಾಗಳನ್ನು ಅಳಿಸಿಹಾಕಬೇಕು ಅಂತ ಗ್ರೆಗ್ವಾರ್ ಪಾದ್ರಿ ವರದಿ ಕೊಟ್ಟರು. ಕೊನೆಯ ಪೆಟ್ಟು ಬಿದ್ದದ್ದು ಶಾಲೆಯಲ್ಲಿ. ಮನೆಮಾತು ಆಡಿದ ಮಗುವಿನ ಕೈಗೆ ಒಂದು ಮರದ ತುಂಡೋ, ಹಳೇ ಮರದ ಚಪ್ಪಲಿಯೋ ಕೊಡುತ್ತಿದ್ದರು. ಆ ಮಗು ಇನ್ನೊಂದು ಮಗು ಹಾಗೆ ಮಾತಾಡುವುದನ್ನು ಹಿಡಿದು ಅದನ್ನು ದಾಟಿಸಬೇಕು. ಸಂಜೆ ಯಾರ ಕೈಯಲ್ಲಿ ಉಳಿಯಿತೋ ಅವರಿಗೆ ಶಿಕ್ಷೆ. ಮಕ್ಕಳ ಕೈಯಲ್ಲೇ ಮಕ್ಕಳನ್ನು ಹಿಡಿಸೋದು. ಇದಕ್ಕೆಲ್ಲ ಸೇರಿಸಿ ಆಕ್ಸಿತಾನಿನಲ್ಲಿ ಒಂದೇ ಪದ ಇದೆ, ‘ಬೆರ್ಗೂಞೊ’. ನಾಚಿಕೆ ಅಂತ ಅರ್ಥ. ಊರಿಗೆ ಊರೇ ತನ್ನ ಬಾಯಿಯ ಬಗ್ಗೆ ನಾಚಿಕೊಂಡ ಕಾಲ ಅದು. ಟೂಲೂಸ್ ಮೆಟ್ರೋದ ಎರಡು ಲೈನುಗಳು ಸೇರುವ ಸ್ಟೇಷನ್‌ಗೆ ಜಾನ್ ಜೊರೆಸ್ ಹೆಸರಿದೆಯಲ್ಲ, ಆ ಸಮಾಜವಾದಿ ನಾಯಕರು 1911ರಲ್ಲೇ ದಕ್ಷಿಣದ ಭಾಷೆಯನ್ನು ಶಾಲೆಯಲ್ಲಿ ಕಲಿಸಬೇಕು ಅಂತ ಬರೆದಿದ್ದರು. ಅವರಿಗೆ ಆ ಭಾಷೆ ಬರುತ್ತಿತ್ತು. ಆದರೆ ಯಾರೂ ಕಿವಿಗೆ ಹಾಕಿಕೊಳ್ಳಲಿಲ್ಲ, ಶಾಲೆಯೊಳಗೆ ಕಾನೂನಿನ ಪ್ರಕಾರ ಕಾಲಿಡೋಕೆ 1951ರವರೆಗೆ ಕಾಯಬೇಕಾಯಿತು.

ಈಗ ನಾನು ಈ ಕ್ಲಾಸಿಗೆ 4 ಕೊಡೋಕೆ ನಿಜವಾದ ಕಾರಣಕ್ಕೆ ಬರುತ್ತೇನೆ. ನಮ್ಮ 14 ಜನರಲ್ಲಿ ಆರು ಜನ ಅರವತ್ತು ದಾಟಿದವರು. ಅವರು ಹೊಸದಾಗಿ ಕಲಿಯೋಕೆ ಬಂದವರಲ್ಲ. ಚಿಕ್ಕವರಿದ್ದಾಗ ಕೇಳಿದ್ದು ಒಳಗಿದೆ, ಬಾಯಿಗೆ ಬರುವುದಿಲ್ಲ. ನನ್ನ ಪಕ್ಕ ಕೂರುತ್ತಿದ್ದ ಅಜ್ಜಿ ಟೂಲೂಸ್‌ನ ಈಶಾನ್ಯಕ್ಕಿರುವ ಅವೇರೋನ್ ಜಿಲ್ಲೆ ಕಡೆಯವರು. ಹುರುಳಿ, ಹಂದಿ, ಗುದ್ದಲಿ, ಬಕೆಟ್ಟು, ಬೈಗುಳ ಎಲ್ಲಕ್ಕೂ ಅವರಿಗೆ ಪದ ಗೊತ್ತು. ವಾಕ್ಯ ಮಾತ್ರ ಇಲ್ಲ. ಅಪ್ಪ ಅಮ್ಮ ತಮ್ಮತಮ್ಮಲ್ಲಿ, ದನಗಳ ಹತ್ತಿರ, ನೆರೆಯವರ ಹತ್ತಿರ ಇದೇ ಮಾತಾಡುತ್ತಿದ್ದರಂತೆ. ಮಕ್ಕಳ ಹತ್ತಿರ ಬರೀ ಫ್ರೆಂಚ್. ಮೂರು ತಿಂಗಳು ಅವರು ಇದನ್ನು ‘ಪಾತ್ವಾ’ ಅಂತಲೇ ಕರೆದರು. ಟೀಚರ್ ಒಂದು ಸಲವೂ ತಿದ್ದಲಿಲ್ಲ.

ಡಿಸೆಂಬರ್‌ನ ಒಂದು ಸಂಜೆ ಟೀಚರ್ ಎಲ್ಲರಿಗೂ ಸುಮ್ನೆ ಕೇಳುತ್ತಾ ಬಂದರು, ನಿನ್ನೆ ರಾತ್ರಿ ಏನು ಊಟ ಮಾಡಿದಿರಿ ಅಂತ. ಅಜ್ಜಿಯ ಸರದಿ ಬಂತು. ಪುಸ್ತಕ ನೋಡಲಿಲ್ಲ. ‘ಐ ಮಂಜಾತ್ ಲ ಸುಪೊ’ ಅಂದರು. ಸೂಪು ಕುಡಿದೆ, ಅಷ್ಟೇ. ನಾವೆಲ್ಲ ತಡವರಿಸಿ ಹೇಳಿದ ವಾಕ್ಯ ಅದು. ಅವರ ಬಾಯಿಂದ ಒಂದೇ ಉಸಿರಿಗೆ ಬಂತು, ಸ್ವರ ಎಲ್ಲಿ ಎಳೆಯಬೇಕೋ ಅಲ್ಲಿ ಎಳೆದು. ಹೇಳಿದವರೇ ಬಾಯಿಗೆ ಕೈ ಅಡ್ಡ ಇಟ್ಟುಕೊಂಡು ಬಾಗಿಲ ಕಡೆ ನೋಡಿದರು. ಯಾರೂ ಬಂದಿರಲಿಲ್ಲ. ಆಮೇಲೆ ಕಾರಿಡಾರಿನಲ್ಲಿ ನನಗೆ ಹೇಳಿದರು: ಮನೆಯಲ್ಲಿ ನಾವು ಮಕ್ಕಳು ಬಾಗಿಲು ತೆರೆದ ತಕ್ಷಣ ಅಪ್ಪ ಅಮ್ಮ ಫ್ರೆಂಚಿಗೆ ತಿರುಗುತ್ತಿದ್ದರು, ಅದಕ್ಕೇ ಬಾಗಿಲಾಚೆ ನಿಂತು ಕೇಳಿಸಿಕೊಳ್ಳುತ್ತಿದ್ದೆ ಅಂತ. ಎಪ್ಪತ್ತು ವರ್ಷದ ಹೆಂಗಸು, ಇದೇ ಮೊದಲ ಸಲ ಆ ಮಾತಿನಲ್ಲಿ ‘ನಾನು ಮಾಡಿದೆ’ ಅಂತ ಒಬ್ಬರಿಗೆ ಉತ್ತರ ಕೊಟ್ಟಿದ್ದರು.

ಆ ಸಂಜೆಯ ನಂತರ ನಾನು ಪುಸ್ತಕ ಬಿಟ್ಟು ಅವರ ಬಾಯಿ ನೋಡಿ ಕಲಿಯೋಕೆ ಶುರು ಮಾಡಿದೆ. ನನ್ನ ದೊಡ್ಡ ದೂರು ಕೂಡ ಇಲ್ಲೇ ಇದೆ. ಎರಡು ಗಂಟೆಯಲ್ಲಿ ಮಾತಿಗೆ ಸಿಗುವುದು ಇಪ್ಪತ್ತು ನಿಮಿಷ. ಉಳಿದದ್ದೆಲ್ಲ ಕಾಗುಣಿತ, ಕ್ರಿಯಾಪದದ ಪಟ್ಟಿ, ಬಿಟ್ಟ ಸ್ಥಳ ತುಂಬಿ. ಒಳಗೆ ಅಷ್ಟು ಭಾಷೆ ಇಟ್ಟುಕೊಂಡ ಆರು ಜನರನ್ನು ಎದುರಿಗೆ ಕೂರಿಸಿಕೊಂಡು ಬಿಟ್ಟ ಸ್ಥಳ ತುಂಬಿಸೋದು ಅಂದರೆ, ಕೆರೆ ದಂಡೆಯಲ್ಲಿ ಕೂತು ಬಾಟಲಿ ನೀರು ಕೊಂಡ ಹಾಗೆ. ಆ ಆರು ಜನರಲ್ಲಿ ಇಬ್ಬರು ಕ್ಲಾಸ್ ಬಿಟ್ಟರು. ಬರೆಯೋಕೆ ಬರುವುದಿಲ್ಲ, ಪರೀಕ್ಷೆಗೆ ಕೂತ ಹಾಗೆ ಆಗುತ್ತದೆ ಅಂದರು. ಸಂಘದವರಿಗೆ ಇದನ್ನು ನೇರವಾಗಿಯೇ ಹೇಳಿದ್ದೇನೆ, ಬೇಸರ ಮಾಡಿಕೊಳ್ಳದೆ ಕೇಳಿಸಿಕೊಂಡರು. ಹಿರಿಯರಿಗೆ ಬರವಣಿಗೆ ಕಡ್ಡಾಯ ಬೇಡ. ಮೊದಲ ಒಂದು ಗಂಟೆ ಬರೀ ಮಾತು, ಆಮೇಲೆ ಬೇಕಾದವರು ಬರೆಯಲಿ.

ಎರಡನೇ ದೂರು ಉಪಭಾಷೆಗಳದ್ದು. ಆಕ್ಸಿತಾನ್ ಅಂದರೆ ಒಂದೇ ಅಚ್ಚಿನ ಭಾಷೆ ಅಲ್ಲ. ಲೆಂಗದೊಸಿಯಾನ್, ಗಾಸ್ಕನ್, ಪ್ರೊವೆನ್ಸಾಲ್, ಲಿಮೂಸಿನ್, ಓವೆರ್ನ್ಯಾ, ಆಲ್ಪ್ಸ್ ಕಡೆಯದು, ಹೀಗೆ ಆರು ಅಂತ ಸಾಮಾನ್ಯವಾಗಿ ಲೆಕ್ಕ ಹಾಕುತ್ತಾರೆ. ಫ್ರಾನ್ಸಿನ ದಕ್ಷಿಣದಲ್ಲಿ ಮಾತ್ರ ಅಲ್ಲ, ಇಟಲಿಯ ಪಿಯೆಮಾಂಟ್ ಕಣಿವೆಗಳಲ್ಲೂ ಇದೆ. ಸ್ಪೇನಿನ ಆರಾನ್ ಕಣಿವೆಯಲ್ಲಿ ಇದು ಸರ್ಕಾರಿ ಭಾಷೆಯೇ, 2006ರಿಂದ ಇಡೀ ಕ್ಯಾಟಲೋನಿಯಾದಲ್ಲಿ ಆ ಸ್ಥಾನ ಇದೆ. ಅತಿ ಜಾಸ್ತಿ ಜನ ಇರುವ ಫ್ರಾನ್ಸಿನಲ್ಲಿ ಮಾತ್ರ ಇಲ್ಲ. ಇದನ್ನೆಲ್ಲ ಮೊದಲ ದಿನ ಮ್ಯಾಪ್ ಹಾಕಿ ತೋರಿಸಿದರು, ಚೆನ್ನಾಗಿತ್ತು. ಆಮೇಲೆ ವರ್ಷ ಪೂರ್ತಿ ಲೆಂಗದೊಸಿಯಾನ್ ಒಂದೇ. ಟೂಲೂಸ್‌ನ ಪಶ್ಚಿಮಕ್ಕೆ ಗರೋನ್ ನದಿ ದಾಟಿದರೆ ಗಾಸ್ಕನ್ ಶುರು. ನಮ್ಮಲ್ಲಿ ಒಬ್ಬರು ಆ ಕಡೆಯ ಜೆರ್ಸ್ ಜಿಲ್ಲೆಯವರು, ಅವರ ಅಜ್ಜಿ ಗಾಸ್ಕನ್ ಆಡುತ್ತಿದ್ದರು. ‘ಪಾರ್ಲಿ’ ಅನ್ನುವ ಬದಲು ‘ಕೆ ಪಾರ್ಲಿ’ ಅಂತ ಮುಂದೆ ಒಂದು ‘ಕೆ’ ಸೇರಿಸೋದು ಅವರ ರೂಢಿ. ಗಾಸ್ಕನ್‌ನಲ್ಲಿ ‘ಫ’ ಹೋಗಿ ‘ಹ’ ಆಗಿದೆ. ಮಗಳಿಗೆ ಇಲ್ಲಿ ‘ಫಿಲ್ಯೊ’ ಅಂದರೆ ಅಲ್ಲಿ ‘ಹಿಲ್ಯೊ’. ಹಳಗನ್ನಡದ ಪಾಲು ಹಾಲಾದ ಹಾಗೆ, ಪೂ ಹೂವಾದ ಹಾಗೆ. ನನಗೆ ಅದು ಖುಷಿ ಕೊಟ್ಟಿತು. ಆದರೆ ಅವರು ಹಾಗೆ ಹೇಳಿದಾಗಲೆಲ್ಲ ಬದಲಿ ಟೀಚರ್ ಒಬ್ಬರು ‘ಇಲ್ಲಿ ಹಾಗಲ್ಲ’ ಅಂತ ತಿದ್ದುತ್ತಿದ್ದರು. ಇದು ತಪ್ಪು. ಫ್ರೆಂಚ್ ಶಾಲೆ ಆ ಅಜ್ಜಿಗೆ ಹೇಳಿದ್ದೂ ಇದೇ ಮಾತು ತಾನೆ? ನಮ್ಮ ಖಾಯಂ ಟೀಚರ್ ಮರಳಿ ಬಂದ ಮೇಲೆ ಎರಡೂ ರೂಪವನ್ನು ಬೋರ್ಡ್ ಮೇಲೆ ಅಕ್ಕಪಕ್ಕ ಬರೆದರು, ಆಗ ಸರಿಹೋಯಿತು.

ಕಾಗುಣಿತದಲ್ಲೂ ಎರಡು ಪಂಗಡ ಇದೆ. ಪ್ರೊವೆನ್ಸ್ ಕಡೆ ಫ್ರೆದೆರಿಕ್ ಮಿಸ್ತ್ರಾಲ್ ಹಾಕಿದ ದಾರಿ, ಕೇಳಿದ ಹಾಗೆ ಬರೆಯೋದು. ಅವರಿಗೆ 1904ರಲ್ಲಿ ಸಾಹಿತ್ಯದ ನೊಬೆಲ್ ಬಂತು, ಬರೆದದ್ದು ಇದೇ ಭಾಷೆಯಲ್ಲಿ. ಇನ್ನೊಂದು ಹಳೇ ತ್ರೂಬಾದೂರ್ ಕಾಲದ ಬರವಣಿಗೆಗೆ ಹತ್ತಿರ ಇರುವ ದಾರಿ, ಈ ಕ್ಲಾಸಿನಲ್ಲಿ ಅದೇ. ಇದರ ಜಗಳಕ್ಕೆ ಹೋಗಬೇಡಿ, ಒಂದು ಸಂಜೆ ಪೂರ್ತಿ ಹಾಳಾಗುತ್ತದೆ.

ಮನೆಪಾಠಕ್ಕೆ ಏನು ಬಳಸಬಹುದು ಅಂತ ಕೆಲವರು ಕೇಳಿದ್ದರು. ‘ಡಿಕೊ ದೋಕ್’ ಅನ್ನುವ ಆನ್‌ಲೈನ್ ನಿಘಂಟು ಉಚಿತ ಮತ್ತು ತುಂಬ ಒಳ್ಳೆಯದು. ಹಲವು ನಿಘಂಟುಗಳನ್ನು ಒಟ್ಟಿಗೆ ಹುಡುಕಿ ಕೊಡುತ್ತದೆ, ಯಾವ ಉಪಭಾಷೆ ಬೇಕೋ ಆರಿಸಿಕೊಳ್ಳಬಹುದು. ‘ವೋತ್ಸ್’ ಅಂತ ಬರೆದದ್ದನ್ನು ಓದಿ ಹೇಳುವ ಸಾಧನವೂ ಇದೆ, ಲೆಂಗದೊಸಿಯಾನ್ ಮತ್ತು ಗಾಸ್ಕನ್ ಎರಡರಲ್ಲೂ. ನಾನು ದಿನಾ ಬೆಳಗ್ಗೆ ಐದು ವಾಕ್ಯ ಹಾಕಿ ಕೇಳುತ್ತಿದ್ದೆ. ಕಿವಿ ತಯಾರಾಗೋಕೆ ಇದು ಪುಸ್ತಕಕ್ಕಿಂತ ಎಷ್ಟೋ ಮೇಲು. ತಿಂಗಳಿಗೊಮ್ಮೆ ಸಂಘದವರು ಒಂದು ಕೆಫೆಯಲ್ಲಿ ಸೇರುತ್ತಾರೆ, ಅಲ್ಲಿ ಫ್ರೆಂಚ್ ಆಡುವಂತಿಲ್ಲ. ಅದಕ್ಕೆ ದುಡ್ಡಿಲ್ಲ, ಕುಡಿದದ್ದಕ್ಕೆ ಮಾತ್ರ ಕೊಡಬೇಕು. ನಿಜ ಹೇಳಬೇಕೆಂದರೆ ನಾನು ಜಾಸ್ತಿ ಕಲಿತದ್ದು ಆ ಕೆಫೆಯಲ್ಲೇ. ‘ಅದೀವ್’ ಅಂತ ಒಳಗೆ ಹೋಗಿ ‘ಅದೀವ್’ ಅಂತ ಹೊರಗೆ ಬರಬಹುದು. ಬರುವಾಗಲೂ ಹೋಗುವಾಗಲೂ ಒಂದೇ ಪದ.

ಯಾರು ಸೇರಬಾರದು? ಫ್ರೆಂಚ್ ಬರದವರು. ವ್ಯಾಕರಣದ ವಿವರಣೆ, ಪುಸ್ತಕ, ಜೋಕು ಎಲ್ಲ ಫ್ರೆಂಚಿನಲ್ಲೇ ನಡೆಯುತ್ತದೆ. ಫ್ರೆಂಚಿನಲ್ಲಿ ಒಂದು ಸಾಮಾನ್ಯ ಸಂಭಾಷಣೆ ನಿಭಾಯಿಸುವಷ್ಟಾದರೂ ಬರಬೇಕು. ಇದರಿಂದ ಕೆಲಸ ಸಿಗುತ್ತದಾ ಅಂತ ಕೇಳುವವರಿಗೂ ಇದು ಅಲ್ಲ. 2020ರ ಸರ್ವೆ ಪ್ರಕಾರ ಈ ಸೀಮೆಯಲ್ಲಿ ಭಾಷೆ ಆಡಬಲ್ಲವರು ನೂರಕ್ಕೆ 7 ಜನ, ಅವರ ಸರಾಸರಿ ವಯಸ್ಸು 66. ಈ ಸಂಖ್ಯೆ ಓದಿ ಇನ್ನೇನಿದೆ ಕಲಿಯೋಕೆ ಅಂತ ಅನ್ನಿಸಬಹುದು. ನನಗೆ ಅನ್ನಿಸಿದ್ದು ತಿರುಗುಮುರುಗು. ಆ 66 ವರ್ಷದವರು ಇವತ್ತು ಮೆಟ್ರೋದಲ್ಲಿ ನಮ್ಮ ಪಕ್ಕದಲ್ಲೇ ಕೂತಿದ್ದಾರೆ, ಕಲಿಯುವುದಿದ್ದರೆ ಅವರ ಬಾಯಿಂದ ಈಗಲೇ ಕಲಿಯಬೇಕು. ಟೂಲೂಸ್‌ನ ಫ್ರೆಂಚಿನಲ್ಲೂ ಅದು ಅಡಗಿದೆ. ಜಾಮ್ ಅಂಟಿದ ಕೈ ನೋಡಿ ಇಲ್ಲಿನ ಮಕ್ಕಳು ‘ಸಾ ಪೆಗ್’ ಅನ್ನುತ್ತಾರೆ. ಅಂಟುತ್ತದೆ ಅನ್ನೋ ಆ ಪದ ಪ್ಯಾರಿಸ್‌ನವರಿಗೆ ಗೊತ್ತಿಲ್ಲ, ಅದು ಆಕ್ಸಿತಾನ್. ಆಶ್ಚರ್ಯ ಆದರೆ ‘ಬೂದ್ಯು!’. ಅದೂ ಅಲ್ಲಿಂದಲೇ.

ಹೆಸರು ಕೊಡೋಕೆ ಸೆಪ್ಟೆಂಬರ್‌ನಲ್ಲಿ ನಡೆಯುವ ಸಂಘಗಳ ಮೇಳಕ್ಕೆ ಹೋಗಿ, ಎಲ್ಲ ಸಂಘಗಳ ಮೇಜೂ ಅಲ್ಲೇ ಇರುತ್ತವೆ. ಮೊದಲ ಕ್ಲಾಸ್ ಸುಮ್ನೆ ಕೂತು ನೋಡಬಹುದು, ಆಮೇಲೆ ದುಡ್ಡು ಕಟ್ಟಿದರಾಯಿತು. ದಪ್ಪ ಸ್ವೆಟರ್ ಮರೆಯಬೇಡಿ. ನಾನು ಎರಡನೇ ವರ್ಷಕ್ಕೆ ಹೆಸರು ಕೊಟ್ಟಿದ್ದೇನೆ. ಚಳಿಗಾಲದ ರಾತ್ರಿ ಮನೆಯಿಂದ ಹೊರಡೋಕೆ ಆಗದ ಹಿರಿಯರಿಗೆ ಈ ಸಲ ಮಧ್ಯಾಹ್ನ ಒಂದು ಬ್ಯಾಚ್ ಇಡುತ್ತಾರಂತೆ, ಬರವಣಿಗೆ ಇಲ್ಲದ್ದು, ಬರೀ ಮಾತು. ಅವೇರೋನ್ ಅಜ್ಜಿ ಅದಕ್ಕೆ ಸೇರಿದ್ದಾರೆ. ಬಿಟ್ಟುಹೋದ ಆ ಇಬ್ಬರಿಗೂ ಅವರೇ ಫೋನ್ ಮಾಡಿ ಹೇಳಿದರಂತೆ.